ಮಾತು ನುಂಗದ ಕಂಠ: ಬಳ್ಳಾರಿಯಲ್ಲಿ ಕೂತು ವ್ಯಾಲೆರಿ ಮಾಸ್ಟರ್‌ಸನ್ ಕೇಳುವ ಬಗೆ

ಪಶ್ಚಿಮದ ಸಂಗೀತ ನಾಟಕವಾದ ಆಪೆರಾ ಅಂದರೆ ನಮ್ಮ ಕಡೆಯ ನಾಟಕದ ಮಂದಿ ಒಂದೇ ಮಾತಲ್ಲಿ ಮುಗಿಸಿಬಿಡುತ್ತಾರೆ: ‘ಒಂದಕ್ಷರ ತಿಳಿಯೋದಿಲ್ಲ, ಬರೀ ಕೂಗು.’ ಇಂಗ್ಲಿಷ್ ಚೆನ್ನಾಗಿ ಬಲ್ಲವರು ಇಂಗ್ಲಿಷಿನಲ್ಲೇ ಹಾಡಿದ ಆಪೆರಾ ಕೇಳಿಯೂ ಇದನ್ನೇ ಹೇಳುತ್ತಾರೆ. ದೂರು ಸುಳ್ಳಲ್ಲ. ಹೆಣ್ಣು ಕಂಠ ಒಂದು ಎತ್ತರ ದಾಟಿತೆಂದರೆ ಅಕ್ಷರ ಉಳಿಯುವುದಿಲ್ಲ. ಅದು ಹಾಡುವವರ ಉದಾಸೀನದಿಂದ ಆಗುವುದಲ್ಲ, ಬಾಯಿಯ ಗಾತ್ರದಿಂದ ಆಗುವುದು. ಆ ಎತ್ತರದ ಅಂಚಿನ ತನಕವೂ ಮಾತಿನ ಕೈ ಬಿಡದೆ ನಡೆದ ಗಾಯಕಿಯರು ಕಡಿಮೆ. ಇಂಗ್ಲೆಂಡಿನ ಬರ್ಕನ್‌ಹೆಡ್‌ನಲ್ಲಿ 1937ರಲ್ಲಿ ಹುಟ್ಟಿದ ವ್ಯಾಲೆರಿ ಮಾಸ್ಟರ್‌ಸನ್ ಅಂಥವರಲ್ಲೊಬ್ಬರು. ರಂಗದ ಮೇಲೂ ಕ್ಯಾಮೆರಾ ಮುಂದೆಯೂ ತಮ್ಮ ದನಿಯಲ್ಲೇ ಹಾಡಿ ನಟಿಸಿದವರು.

ಅವರ ವೃತ್ತಿಯನ್ನು ಬರೆಯುವವರು ಸಾಮಾನ್ಯವಾಗಿ ಮೊದಲ ಐದು ವರ್ಷಗಳನ್ನು ಒಂದು ಸಾಲಿನಲ್ಲಿ ದಾಟಿಸುತ್ತಾರೆ. ಆ ವರ್ಷಗಳು ಕಳೆದದ್ದು ಊರೂರು ತಿರುಗುವ ಒಂದು ಹಾಸ್ಯ ಆಪೆರಾ ಕಂಪನಿಯಲ್ಲಿ, ಅದಕ್ಕೇ ಈ ಅವಸರ. ನನ್ನ ಲೆಕ್ಕ ತಿರುಗುಮುರುಗು. ಆ ಕಂಪನಿ ಇಲ್ಲದಿದ್ದರೆ ಮುಂದಿನದ್ದು ಯಾವುದೂ ಹೀಗೆ ಬರುತ್ತಿರಲಿಲ್ಲ. ಕಂಪನಿ ನಾಟಕ ಕಂಡ ಬಳ್ಳಾರಿ, ಕೊಪ್ಪಳ, ರಾಯಚೂರಿನವರಿಗೆ ಇದನ್ನು ವಾದ ಮಾಡಿ ಒಪ್ಪಿಸಬೇಕಿಲ್ಲ, ತೋರಿಸಿದರೆ ಸಾಕು.

ಮೊದಲು ಎತ್ತರದ ಲೆಕ್ಕ. ಮೂರೂವರೆ ಸಪ್ತಕದ, 42 ಕೀಗಳ ಹಾರ್ಮೋನಿಯಂ ಇದ್ದರೆ ಮುಂದಿಟ್ಟುಕೊಳ್ಳಿ. ಕಪ್ಲರ್ ತೆಗೆದು, ಮಧ್ಯದ ರೀಡು ಮಾತ್ರ ಬಿಡಿ. ಎಡತುದಿಯ ಬಿಳಿಯಿಂದ ಕರಿ, ಬಿಳಿ ಎಲ್ಲ ಸೇರಿಸಿ ಎಣಿಸಿದರೆ 13ನೆಯ ಕೀ ಮಧ್ಯ ಸಪ್ತಕದ ಬಿಳಿ ಒಂದು, ಸೆಕೆಂಡಿಗೆ ಸುಮಾರು 262 ಕಂಪನ. ಸೊಪ್ರಾನೊ ಅನ್ನುವ ಮೇಲ್ದನಿಯ ಗಾಯಕಿಯ ಹರವು ಹೆಚ್ಚುಕಡಿಮೆ ಅಲ್ಲಿಂದ 37ನೆಯ ಕೀಯವರೆಗೆ, ಅಂದರೆ 1,046 ಕಂಪನದವರೆಗೆ. ನಮ್ಮಲ್ಲಿ ಕರಿ ಐದನ್ನು ಷಡ್ಜ ಮಾಡಿಕೊಂಡ ಹೆಂಗಸಿನ ಷಡ್ಜ 11ನೆಯ ಕೀ, ತಾರ ಷಡ್ಜ 23, ತಾರ ಪಂಚಮ 30. ಬಹುತೇಕ ಹಾಡುಗಾರಿಕೆ ಅಲ್ಲಿಗೆ ಮುಗಿಯಿತು. ಸೊಪ್ರಾನೊಗೆ ಇನ್ನೂ ಏಳು ಕೀ ಬಾಕಿ ಇದೆ.

ಆ 30ನೆಯ ಕೀಯೇ ಗಡಿ. ಅದರ ಕಂಪನ ಸುಮಾರು 700. ಬಾಯಿ ಒಂದು ಗಡಿಗೆ ಅಂದುಕೊಳ್ಳಿ. ‘ಇ’ ಅನ್ನುವಾಗ ಗಡಿಗೆಯ ಮೊದಲ ಅನುರಣನ, ಅಂದರೆ ಗಡಿಗೆ ತಾನಾಗಿ ಮೊಳಗುವ ಕಂಪನ, 300ರ ಆಸುಪಾಸಿನಲ್ಲಿ, ‘ಆ’ ಅನ್ನುವಾಗ 800ರ ಆಸುಪಾಸಿನಲ್ಲಿ. ಹಾಡುವ ಸ್ವರವೇ 700ಕ್ಕೆ ಏರಿದ ಮೇಲೆ ‘ಇ’ಯ ಗಡಿಗೆಗೆ ತುಂಬಿಕೊಳ್ಳಲು ಏನೂ ಸಿಗುವುದಿಲ್ಲ, ದನಿ ಸೊರಗುತ್ತದೆ. ಗಾಯಕಿ ದವಡೆ ಇಳಿಸಿ ಬಾಯಿಯನ್ನು ಆ ಸ್ವರಕ್ಕೆ ಹೊಂದಿಸಿಕೊಳ್ಳಲೇಬೇಕು. ಆಗ ‘ಇ’, ‘ಎ’, ‘ಉ’ ಎಲ್ಲವೂ ‘ಆ’ ಕಡೆಗೆ ವಾಲುತ್ತವೆ. ಮೈಕಿದ್ದರೆ ಸೊರಗಿದ ‘ಇ’ಯನ್ನೂ ಎತ್ತಿ ಕೇಳಿಸಬಹುದು. ಆಪೆರಾದಲ್ಲಿ ಮೈಕಿಲ್ಲ. ಲಂಡನ್ ಕೊಲಿಸಿಯಂ ಎಂಬ ಥಿಯೇಟರಿನಲ್ಲಿ 2,359 ಸೀಟು, ಮುಂದೆ ಗುಂಡಿಯಲ್ಲಿ ಪೂರ್ತಿ ಆರ್ಕೆಸ್ಟ್ರಾ, ಕೊನೆಯ ಸಾಲಿಗೂ ಮುಟ್ಟಬೇಕಾದ್ದು ಬರೀ ಕಂಠ. ನಮ್ಮ ಕಂಪನಿಗಳಂತೆ ಮೂರ್ನಾಲ್ಕು ಮೈಕು ತೂಗುಬಿಟ್ಟು, ಪದ ಬಂದಾಗ ಅದರ ಕೆಳಗೆ ಸರಿದು ನಿಲ್ಲುವ ಅನುಕೂಲ ಅಲ್ಲಿಲ್ಲ. ಶ್ರುತಿ ಇಳಿಸಿಕೊಳ್ಳುವ ಅನುಕೂಲವೂ ಇಲ್ಲ. ‘ಇವತ್ತು ಗಂಟಲು ಕಟ್ಟೈತೆ, ಕರಿ ನಾಲ್ಕಕ್ಕೆ ಹಿಡೀರಿ’ ಎಂದು ಮಾಸ್ತರಿಗೆ ಕಣ್ಸನ್ನೆ ಮಾಡಿದರೆ ಇಲ್ಲಿ ನಡೆಯುತ್ತದೆ. ಅಲ್ಲಿ ಅರವತ್ತೆಪ್ಪತ್ತು ಜನರ ಮುಂದೆ ಅಚ್ಚಾದ ಸ್ವರಲಿಪಿ ಇರುತ್ತದೆ.

ಹೀಗಿರುವಾಗ ಗಾಯಕಿ ಉಳಿಸಿಕೊಳ್ಳಬಹುದಾದ್ದು ವ್ಯಂಜನಗಳನ್ನು, ಮತ್ತು ಗಡಿಯ ಕೆಳಗಿರುವ ಪ್ರತಿ ಅಕ್ಷರವನ್ನು. ಮಾಸ್ಟರ್‌ಸನ್ ಕಂಠದ ವಿಶೇಷ ಇಲ್ಲಿದೆ. ದನಿ ದೊಡ್ಡದಲ್ಲ. ಬೆಳ್ಳಿ ತಂತಿಯಂತೆ ಸಣ್ಣ, ನೇರ, ಅಲುಗು ಕಡಿಮೆ. ಅಲುಗು ಅಂದರೆ ವೈಬ್ರಾಟೊ. ದನಿ ಸೆಕೆಂಡಿಗೆ ಐದಾರು ಸಲ ಮೇಲೆ ಕೆಳಗೆ ತೂಗುತ್ತದಲ್ಲ, ಅದು. ತೂಗಾಟ ಅಗಲವಾದಷ್ಟೂ ಅಕ್ಷರದ ಅಂಚು ಮಸುಕು. ಸಣ್ಣದಿದ್ದರೆ ಅಂಚು ಉಳಿಯುತ್ತದೆ.

ಓದು ಲಂಡನ್ನಿನ ರಾಯಲ್ ಕಾಲೇಜ್ ಆಫ್ ಮ್ಯೂಸಿಕ್‌ನಲ್ಲಿ, ಆಮೇಲೆ ಮಿಲಾನ್‌ನಲ್ಲಿ. 1963ರಲ್ಲಿ ಆಸ್ಟ್ರಿಯದ ಸಾಲ್ಜ್‌ಬರ್ಗ್‌ನ ಥಿಯೇಟರಿನಲ್ಲಿ ‘ಕಾರ್ಮೆನ್’ನ ಫ್ರಾಸ್ಕೀಟಾ ಎಂಬ ಸಣ್ಣ ಪಾರ್ಟು. ಮರುವರ್ಷ ಡಾಯ್ಲಿ ಕಾರ್ಟ್ ಕಂಪನಿ. 1969ರವರೆಗೆ ಅಲ್ಲೇ.

ಈ ಡಾಯ್ಲಿ ಕಾರ್ಟ್ ಎಂಥ ಕಂಪನಿ ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಮಾತು ಬರೆದವರು ಗಿಲ್ಬರ್ಟ್, ಸಂಗೀತ ಕೂಡಿಸಿದವರು ಸಲಿವನ್. ಇಬ್ಬರ ಹಾಸ್ಯ ಆಪೆರಾಗಳನ್ನೇ ಹೆಚ್ಚಾಗಿ ಆಡುತ್ತ 1982ರವರೆಗೆ ಬಾಳಿದ ತಿರುಗುವ ಕಂಪನಿ ಇದು. 1961ರ ಕೊನೆಯವರೆಗೆ ಹಕ್ಕು ಅವರದೇ ಇದ್ದುದರಿಂದ ಬ್ರಿಟನ್ನಿನಲ್ಲಿ ಬೇರೆ ವೃತ್ತಿ ತಂಡ ಇವನ್ನು ಮುಟ್ಟುವಂತಿರಲಿಲ್ಲ. ವರ್ಷದ ಬಹುಪಾಲು ಊರಿಂದೂರಿಗೆ ಕ್ಯಾಂಪು. ಒಂದೇ ವಾರದಲ್ಲಿ ಎರಡು ಮೂರು ಬೇರೆ ಬೇರೆ ಆಟ. ಗಿಲ್ಬರ್ಟ್ ಹಾಕಿಕೊಟ್ಟ ಚಲನೆಗಳು ಪ್ರಾಂಪ್ಟ್ ಪುಸ್ತಕದಲ್ಲಿ ದಾಖಲಾಗಿ ತಲೆಮಾರಿನಿಂದ ತಲೆಮಾರಿಗೆ ಇಳಿದು ಬಂದಿದ್ದವು. ಬೀಸಣಿಗೆ ಯಾವ ಮಾತ್ರೆಗೆ ಬಿಚ್ಚಬೇಕು, ಯಾವ ಮಾತ್ರೆಗೆ ಮಡಚಬೇಕು ಎಂಬುದು ಸಹ. ಹಾಡಿನ ನಡುವೆ ಒಣ ಸಂಭಾಷಣೆ, ಸಂಭಾಷಣೆಯ ಬಾಲ ಹಿಡಿದು ಹಾಡು. ಕಂಪನಿ ನಾಟಕದ ಮಾತು, ಪದ, ಮಾತು ಎಂಬ ಓಟವೇ.

ಇಲ್ಲಿ ಕೆಡುವುದು ಏನು? ಗಂಟಲು ಹೋಗುವುದು ಹೆಚ್ಚಾಗಿ ಹಾಡಿನಿಂದಲ್ಲ, ಮಾತಿನಿಂದ. ಹಾಡುವಾಗ ಉಸಿರಿನ ಆಸರೆ ಅಭ್ಯಾಸದಿಂದ ತಾನಾಗಿ ಬರುತ್ತದೆ. ಕೊನೆಯ ಸಾಲಿಗೆ ಕೇಳಲೆಂದು ಮಾತನ್ನು ಎತ್ತಿದಾಗ ಆ ಆಸರೆ ಮರೆತು, ದನಿ ಎದೆಯ ತಳದಿಂದ ಗಂಟಲಿಗೆ ಉಜ್ಜುತ್ತದೆ. ಹತ್ತು ನಿಮಿಷ ಹಾಗೆ ಉಜ್ಜಿದ ಗಂಟಲಿನಿಂದ ತಕ್ಷಣ 30ನೆಯ ಕೀ ಮುಟ್ಟಲು ಹೋದರೆ ಸ್ವರ ಒಡೆಯುತ್ತದೆ. ಇದಕ್ಕಿರುವ ಉಪಾಯ ಹಳೆಯದು: ಹಾಡಿಗೆ ಮುಂಚಿನ ಕೊನೆಯ ಎರಡು ಮೂರು ಸಾಲು ಮಾತನ್ನು ಬರಲಿರುವ ಹಾಡಿನ ಶ್ರುತಿಯ ಹತ್ತಿರಕ್ಕೆ ಏರಿಸಿಕೊಂಡು ಬರುವುದು. ಕೇಳುವವನಿಗೆ ಅದು ಭಾವ ಏರಿದಂತೆ ಕೇಳುತ್ತದೆ, ಹಾಡುವವಳಿಗೆ ಅದು ಮೆಟ್ಟಿಲು. ಇದನ್ನು ಕಿವಿಯಾರೆ ಕೇಳಬೇಕಾದರೆ ‘ದಿ ಪೈರೇಟ್ಸ್ ಆಫ್ ಪೆನ್‌ಜಾನ್ಸ್’ನ 1968ರ ಧ್ವನಿಮುದ್ರಣ ಹಿಡಿಯಿರಿ. ಸಂಭಾಷಣೆ ಸಹಿತ ಮುದ್ರಿಸಿದ್ದು, ಮೇಬಲ್ ಪಾತ್ರ ಮಾಸ್ಟರ್‌ಸನ್ ಅವರದು. ಮೇಬಲ್‌ಳ ಮೊದಲ ಹಾಡು ಮೂರು ಮಾತ್ರೆಯ ವಾಲ್ಟ್ಸ್ ನಡೆಯದು, ಇಟಾಲಿಯನ್ ಆಪೆರಾದ ತಾನಬಾಜಿಯನ್ನು ಅಣಕಿಸುವಂಥದು. ಅಣಕ ಅಂತ ತಾನಗಳಿಗೆ ರಿಯಾಯಿತಿ ಇಲ್ಲ, ಅಸಲಿನಷ್ಟೇ ಕಷ್ಟ. ಅಣಕ ಎಂದು ತೋರಿಸಲು ಹೋಗಿ ಬಹಳ ಜನ ದನಿಯನ್ನು ಕೀರಲಾಗಿಸುತ್ತಾರೆ. ಮಾಸ್ಟರ್‌ಸನ್ ನೇರವಾಗಿ, ಶುದ್ಧವಾಗಿ ಹಾಡಿಬಿಡುತ್ತಾರೆ. ನಗೆ ಮಾತಿನೊಳಗೇ ಇರುವುದರಿಂದ ಅದು ತಾನಾಗಿ ಬರುತ್ತದೆ. ಒಳ್ಳೆಯ ಹಾಸ್ಯ ಪಾತ್ರಧಾರಿ ತಾನು ನಗುವುದಿಲ್ಲವಲ್ಲ, ಅದೇ ಲೆಕ್ಕ.

ಇನ್ನು ಇಂಗ್ಲಿಷಿನ ತಾಪತ್ರಯ. ಕನ್ನಡದ ಪದ ಬಹುಪಾಲು ಸ್ವರಾಕ್ಷರದಲ್ಲೇ ಮುಗಿಯುತ್ತದೆ, ಎಳೆಯಲು ಅನುಕೂಲ. ಇಂಗ್ಲಿಷ್ ಪದ ವ್ಯಂಜನದಲ್ಲಿ ಬಾಗಿಲು ಹಾಕಿಕೊಳ್ಳುತ್ತದೆ, ಅದೂ ಎರಡು ಮೂರು ವ್ಯಂಜನ ಒಟ್ಟಿಗೆ. ಆ ಬಾಗಿಲನ್ನು ಬೇಗ ಹಾಕಿದರೆ ಸ್ವರ ತುಂಡಾಗುತ್ತದೆ, ತಡವಾದರೆ ಮುಂದಿನ ಪದದ ತಾಳ ತಪ್ಪುತ್ತದೆ. ಕ್ರಮ ಇದು: ಪದ ಶುರುವಾಗುವ ವ್ಯಂಜನ ತಾಳದ ಪೆಟ್ಟಿಗೆ ಕೂದಲೆಳೆ ಮುಂಚೆ, ಸ್ವರಾಕ್ಷರ ಸರಿಯಾಗಿ ಪೆಟ್ಟಿನ ಮೇಲೆ, ಮುಚ್ಚುವ ವ್ಯಂಜನ ಮುಂದಿನ ಪೆಟ್ಟಿಗೆ ಮೊದಲು ಉಳಿದ ಸಂದಿಯಲ್ಲಿ. ನಮ್ಮ ಹುಡುಗಿಯರು ಇಂಗ್ಲಿಷ್ ಹಾಡು ಕಲಿಯುವಾಗ ಆಗುವ ತಪ್ಪು ಒಂದೇ, ಮುಚ್ಚುವ ವ್ಯಂಜನಕ್ಕೆ ಒಂದು ‘ಉ’ ಸೇರಿಸಿಬಿಡುವುದು. ಒಂದು ಮಾತ್ರೆ ಹೆಚ್ಚಾಗಿ ಸಾಲೇ ಜಾರುತ್ತದೆ. ಅಭ್ಯಾಸಕ್ಕೆ ಮೂರು ಸುತ್ತು ಮಾಡಿ. ಮೆಟ್ರೊನೋಮ್ 60ಕ್ಕೆ ಇಟ್ಟು ಸ್ವರವಿಲ್ಲದೆ ಬರೀ ಮಾತನ್ನು ಲಯಕ್ಕೆ ಹೇಳುವುದು, ಅದೇ ಸಾಲನ್ನು ವ್ಯಂಜನ ತೆಗೆದು ಸ್ವರಾಕ್ಷರಗಳಲ್ಲಷ್ಟೇ ಹಾಡುವುದು, ಮೂರನೆಯ ಸುತ್ತಿನಲ್ಲಿ ವ್ಯಂಜನಗಳನ್ನು ವಾಪಸು ಕೂಡಿಸುವುದು. ಎರಡನೆಯ ಸುತ್ತು ಬಿಟ್ಟು ನೇರ ಮೂರಕ್ಕೆ ಹಾರಿದವರ ದನಿ ವ್ಯಂಜನದ ಹತ್ತಿರ ಕುಂಟುತ್ತದೆ. ಕನ್ನಡದ ರಂಗಗೀತೆಗೂ ಇದು ಸಲ್ಲುತ್ತದೆ, ಒತ್ತಕ್ಷರ ತುಂಬಿದ ಕಂದಪದ್ಯಕ್ಕಂತೂ ಹೇಳಿ ಮಾಡಿಸಿದ್ದು.

ತೆರೆಯ ಮೇಲೆ ನೋಡುವವರು ಶುರು ಮಾಡಬೇಕಾದ್ದು ಗಿಲ್ಬರ್ಟ್, ಸಲಿವನ್ ಜೋಡಿಯ ‘ಮಿಕಾಡೊ’. ಆಪೆರಾ ಮೊದಲು ಆಡಿದ್ದು 14 ಮಾರ್ಚ್ 1885, ಲಂಡನ್ನಿನ ಸವಾಯ್ ಥಿಯೇಟರಿನಲ್ಲಿ. ಆ ಮೊದಲ ಓಟದಲ್ಲೇ 672 ಪ್ರಯೋಗ. 1939ರಲ್ಲಿ ಬಣ್ಣದ ಚಿತ್ರವಾಯಿತು, ಅದರಲ್ಲಿ ನಾಯಕಿ ಯಮ್ ಯಮ್ ಪಾತ್ರ ಜೀನ್ ಕೊಲಿನ್ ಅವರದು. 1966ರಲ್ಲಿ ಡಾಯ್ಲಿ ಕಾರ್ಟ್ ಕಂಪನಿ ತನ್ನ ರಂಗಪ್ರಯೋಗವನ್ನೇ ಗೋಲ್ಡರ್ಸ್ ಗ್ರೀನ್ ಹಿಪೊಡ್ರೋಮ್ ಎಂಬ ಥಿಯೇಟರಿನಲ್ಲಿ ಚಿತ್ರೀಕರಿಸಿತು. ನಿರ್ದೇಶನ ಸ್ಟುವರ್ಟ್ ಬರ್ಜ್, ವಾದ್ಯವೃಂದ ಬರ್ಮಿಂಗ್‌ಹ್ಯಾಮ್ ನಗರದ್ದು, ನಡೆಸಿದವರು ಇಸಿಡೋರ್ ಗಾಡ್‌ಫ್ರೀ. ಯಮ್ ಯಮ್ ಮಾಸ್ಟರ್‌ಸನ್. ಕೋ ಕೋ ಎಂಬ, ತಲೆ ಕಡಿಯುವ ಹುದ್ದೆಯ ಅಂಜುಬುರುಕ ಅಧಿಕಾರಿಯ ಪಾತ್ರದಲ್ಲಿ ಜಾನ್ ರೀಡ್, ಜಪಾನಿನ ಚಕ್ರವರ್ತಿ ಮಿಕಾಡೊ ಆಗಿ ಡೊನಾಲ್ಡ್ ಆ್ಯಡಮ್ಸ್.

ಸಿನಿಮಾ ಎಂದು ನೋಡಿದರೆ ಇದು ಪೇಲವ. ಕಾರಣ ಸರಳ: ಸಭಿಕರಿಲ್ಲ. ಕಂಪನಿಯ ಪ್ರತಿ ನಗೆಗೂ ಸಭೆ ನಗುವಷ್ಟು ಹೊತ್ತು ಕಾದು ನಿಲ್ಲುವ ಅಭ್ಯಾಸ ನಟರ ಮೈಗೆ ಹತ್ತಿದೆ. ಖಾಲಿ ಥಿಯೇಟರಿನಲ್ಲಿ ಆ ಬಿಡುವು ಬಾವಿಯಂತೆ ಕಾಣುತ್ತದೆ. ಇನ್ನೊಂದು, ಒನ್ಸ್ ಮೋರ್ ಸಂಪ್ರದಾಯ. ಯಮ್ ಯಮ್, ಅವಳ ಪ್ರಿಯಕರ ಮತ್ತು ಕೋ ಕೋ ಮೂವರು ಹಾಡುವ ಎರಡನೆಯ ಅಂಕದ ಪದವನ್ನು ಡಾಯ್ಲಿ ಕಾರ್ಟ್ ಸಭೆಗಳು ಮತ್ತೆ ಮತ್ತೆ ಹಾಡಿಸುತ್ತಿದ್ದವು. ಪ್ರತಿ ಸಲವೂ ಕೋ ಕೋ ಹೊಸ ಚೇಷ್ಟೆ ತೆಗೆಯಬೇಕು. ಬನಶಂಕರಿ ಜಾತ್ರೆಯ ಕ್ಯಾಂಪಿನಲ್ಲಿ ಕೂತವರಿಗೆ ಇದನ್ನು ಹೊಸದಾಗಿ ವಿವರಿಸಬೇಕಾಗಿಲ್ಲ. ಅಂಥ ಪದದಲ್ಲಿ ಗಾಯಕಿಯ ಕೆಲಸವೆಂದರೆ ಪಕ್ಕದವನ ಚೇಷ್ಟೆಗೆ ನಗದೆ, ಅದೇ ವೇಗದಲ್ಲಿ ಅದೇ ಮಾತನ್ನು ಮೂರನೆಯ ಸಲವೂ ಹೊಸದೆಂಬಂತೆ ಉದುರಿಸುವುದು. ಈ ಹಿನ್ನೆಲೆ ಗೊತ್ತಿದ್ದು ಚಿತ್ರ ನೋಡಿದರೆ ಪೇಲವತನದ ಹಿಂದಿನ ಕಸುಬು ಕಾಣುತ್ತದೆ. ಮೂವರು ಶಾಲಾ ಹುಡುಗಿಯರ ಹಾಡಿನಲ್ಲಿ ಕೈ, ಬೀಸಣಿಗೆ, ಮಾತು ಮೂರೂ ಒಂದೇ ಗಡಿಯಾರಕ್ಕೆ ಓಡುವುದನ್ನು ನೋಡಿ. ಎರಡನೆಯ ಅಂಕದ ಶುರುವಿಗೆ ಯಮ್ ಯಮ್ ತನ್ನ ಚೆಲುವನ್ನು ಸೂರ್ಯ ಚಂದ್ರರಿಗೆ ಸರಿಗಟ್ಟುವ ಒಂಟಿ ಹಾಡಿನಲ್ಲಿ ಬೀಸಣಿಗೆ ಸುಮ್ಮನಾಗಿ ಬರೀ ಉಸಿರು ಉಳಿಯುತ್ತದೆ. ಚಿತ್ರದಲ್ಲಿ ನಾನು ಮತ್ತೆ ಮತ್ತೆ ನೋಡುವುದು ಅದೊಂದನ್ನೇ.

ನೋಡುವಾಗ ಎರಡು ತಾಂತ್ರಿಕ ಕೇಡುಗಳಿಂದ ಹುಷಾರು. ಒಂದು ಶ್ರುತಿಯದು. ಸಿನಿಮಾ ಸೆಕೆಂಡಿಗೆ 24 ಚೌಕಟ್ಟು ಓಡುತ್ತದೆ. ಬ್ರಿಟನ್ನಿನ ಟಿವಿ ಮತ್ತು ಡಿವಿಡಿ ಪದ್ಧತಿ 25. ಬಹಳ ಸಲ ಚಿತ್ರವನ್ನು ಅಷ್ಟೇ ವೇಗ ಹೆಚ್ಚಿಸಿ ತುಂಬಿಸಿರುತ್ತಾರೆ. ಎರಡು ಗಂಟೆಯ ಚಿತ್ರ 115 ನಿಮಿಷಕ್ಕೆ ಮುಗಿಯುತ್ತದೆ, ಶ್ರುತಿ ಹಾರ್ಮೋನಿಯಂನ ಒಂದು ಕೀಯ ಹತ್ತರಲ್ಲಿ ಏಳು ಪಾಲು ಮೇಲಕ್ಕೆ ಸರಿಯುತ್ತದೆ. ಅಂಥ ಪ್ರತಿಗೆ ಪೆಟ್ಟಿಗೆ ಹಿಡಿದು ಕೂತರೆ ಯಾವ ಕೀಗೂ ಕೂಡುವುದಿಲ್ಲ. ನಿಮ್ಮ ಪೆಟ್ಟಿಗೆಯ ರೀಡು ಬೈಯ್ಯಬೇಡಿ. ಪ್ಲೇಯರಿನಲ್ಲಿ ವೇಗವನ್ನು 0.96ಕ್ಕೆ ಇಳಿಸಿ, ‘ಶ್ರುತಿ ಕಾಪಾಡು’ ಎಂಬ ಆಯ್ಕೆಯನ್ನು ತೆಗೆದರೆ ದನಿ ತನ್ನ ಜಾಗಕ್ಕೆ ಬರುತ್ತದೆ. ಕಂಠದ ಬಣ್ಣವೂ ಬದಲಾಗುವುದನ್ನು ಗಮನಿಸಿ. ಮೇಲಕ್ಕೆ ಸರಿದ ಪ್ರತಿಯಲ್ಲಿ ಯಾವ ಗಾಯಕಿಯೂ ಇರುವುದಕ್ಕಿಂತ ಎಳೆಯವಳಂತೆ, ಅಲುಗು ಚುರುಕಾದಂತೆ ಕೇಳುತ್ತಾಳೆ. ಅದರ ಮೇಲೆ ವಿಮರ್ಶೆ ಬರೆದವರೂ ಇದ್ದಾರು.

ಎರಡನೆಯದು ತುಟಿಯದು. ದನಿ ಚಿತ್ರಕ್ಕಿಂತ ಸುಮಾರು 45 ಮಿಲಿಸೆಕೆಂಡು ಮುಂದೋಡಿದರೆ, ಇಲ್ಲವೇ 125 ಮಿಲಿಸೆಕೆಂಡು ಹಿಂದೆ ಬಿದ್ದರೆ ಕಣ್ಣು ಅದನ್ನು ಹಿಡಿಯುತ್ತದೆ. ಸಾಧಾರಣ ಬ್ಲೂಟೂತ್ ಸ್ಪೀಕರು 150ರಿಂದ 200ರಷ್ಟು ಹಿಂದೆ ಬೀಳುವುದುಂಟು. ಹಾಗಾಗಿ ಟಿವಿ ಎದುರಿಟ್ಟು ದನಿ ಸ್ಪೀಕರಿಗೆ ಕಳಿಸಿದವರು ‘ಇವಳು ತುಟಿ ಆಡಿಸುತ್ತಾಳೆ, ಹಾಡುವವರು ಬೇರೆ’ ಎಂದು ತೀರ್ಮಾನಿಸಿಬಿಡುತ್ತಾರೆ. ತಂತಿಯ ಹೆಡ್‌ಫೋನ್ ಹಾಕಿ. ಟಿವಿಯ ‘ರಾತ್ರಿ ಮೋಡ್’, ‘ಧ್ವನಿ ಸಮತೋಲನ’ ಬಗೆಯವನ್ನೆಲ್ಲ ಆರಿಸಿ. ಅವು ಸಣ್ಣ ದನಿ ಎತ್ತಿ ದೊಡ್ಡ ದನಿ ತಗ್ಗಿಸುತ್ತವೆ, ಆಪೆರಾದ ಏರಿಳಿತವೆಲ್ಲ ರೋಡ್ ರೋಲರ್ ಹರಿದಂತೆ ಚಪ್ಪಟೆ. ಮೊದಲು ಅತಿ ಜೋರಿನ ಭಾಗ ಹುಡುಕಿ ಅಲ್ಲಿಗೆ ವಾಲ್ಯೂಮ್ ಹೊಂದಿಸಿ, ಆಮೇಲೆ ಮುಟ್ಟಬೇಡಿ.

ತುಟಿ ಆಡಿಸುವುದು ಅವಮಾನವೇನಲ್ಲ, ಅದೂ ಒಂದು ವಿದ್ಯೆ. 1951ರ ‘ದಿ ಟೇಲ್ಸ್ ಆಫ್ ಹಾಫ್‌ಮನ್’ ಚಿತ್ರವನ್ನು ಪೊವೆಲ್ ಮತ್ತು ಪ್ರೆಸ್‌ಬರ್ಗರ್ ಪೂರ್ತಿ ಆ ವಿದ್ಯೆಯ ಮೇಲೆ ಕಟ್ಟಿದರು. ಸರ್ ಟಾಮಸ್ ಬೀಚಮ್ ನಡೆಸಿದ ಸಂಗೀತವನ್ನು ಮೊದಲು ಮುದ್ರಿಸಿ, ಅದನ್ನು ನುಡಿಸುತ್ತ ಚಿತ್ರೀಕರಣ. ಸ್ಥಳದಲ್ಲಿ ದನಿ ಹಿಡಿಯಬೇಕಾಗಿಲ್ಲವಾದ್ದರಿಂದ ಕ್ಯಾಮೆರಾ ಎಲ್ಲಿ ಬೇಕಾದಲ್ಲಿ ಹಾರಬಹುದು. ಒಲಿಂಪಿಯಾ ಎಂಬ ಕೀಲುಬೊಂಬೆಯ ಪಾತ್ರದಲ್ಲಿ ಸ್ಕಾಟ್ಲೆಂಡಿನ ನರ್ತಕಿ ಮೋಯ್ರಾ ಶಿಯರರ್, ಅವರಿಗೆ ಕಂಠ ಕೊಟ್ಟವರು ಡೊರೋತಿ ಬಾಂಡ್. ಮುಖ್ಯ ಪಾತ್ರಗಳಲ್ಲಿ ತಮ್ಮ ದನಿಯಲ್ಲೇ ಹಾಡಿದವರು ರಾಬರ್ಟ್ ರೌನ್ಸ್‌ವಿಲ್ ಮತ್ತು ಆ್ಯನ್ ಏಯರ್ಸ್ ಇಬ್ಬರೇ. ನಮ್ಮ ಸಿನಿಮಾದ ಹಿನ್ನೆಲೆ ಗಾಯನದಂತೆಯೇ. ತೊಗಲುಗೊಂಬೆ ಆಟ ಗೊತ್ತಿರುವ ಜಿಲ್ಲೆಯಲ್ಲಿ ಪರದೆಯ ಹಿಂದೆ ಒಬ್ಬರ ದನಿ, ಪರದೆಯ ಮೇಲೆ ಇನ್ನೊಂದರ ಮೈ ಎಂಬುದಕ್ಕೆ ಯಾರೂ ಬೆರಗಾಗುವುದಿಲ್ಲ. ಕೀಲುಬೊಂಬೆಯ ಪಾತ್ರಕ್ಕಂತೂ ದನಿ ಮೈಯಿಂದ ಬೇರೆಯಾಗಿದ್ದರೇ ಚೆಂದ. ಹಾಡುವವಳ ಮೈಯಲ್ಲಿ ಏನಾಗುತ್ತದೆ ಎಂದು ನೋಡಬೇಕಾದರೆ ಮಾತ್ರ ಈ ಚಿತ್ರ ಸಾಲದು. ನಿಜವಾಗಿ ಹಾಡಿದರೋ ಇಲ್ಲವೋ ಎಂಬುದನ್ನು ತುಟಿಯಲ್ಲಿ ಹುಡುಕಬೇಡಿ, ಪಕ್ಕೆಲುಬಿನಲ್ಲಿ ಹುಡುಕಿ. ದೊಡ್ಡ ಸಾಲಿಗೆ ಮೊದಲು ಪಕ್ಕೆ ಅಗಲವಾಗಬೇಕು, ಹೆಗಲು ಏಳಬಾರದು. ಎತ್ತರದ ಸ್ವರದಲ್ಲಿ ದವಡೆ ಇಳಿಯಬೇಕು. ‘ಇ’ ಎಂಬ ಅಕ್ಷರಕ್ಕೆ ಮೇಲಿನ ಸ್ವರದಲ್ಲೂ ತುಟಿ ನಗುವಿನಂತೆ ಅಗಲಿಸಿದ್ದರೆ, ಆ ಹೊತ್ತಿಗೆ ಅಲ್ಲಿ ಹಾಡುತ್ತಿಲ್ಲ ಎಂದೇ ಹೆಚ್ಚು ಸಂಭವ.

ಹಾಸ್ಯ ಆಪೆರಾ ಬಿಟ್ಟ ಮೇಲೆ ಮಾಸ್ಟರ್‌ಸನ್ ಸೇರಿದ್ದು ಸ್ಯಾಡ್ಲರ್ಸ್ ವೆಲ್ಸ್ ಆಪೆರಾ. 1968ರಲ್ಲೇ ಕೊಲಿಸಿಯಂಗೆ ಬಂದಿದ್ದ ಆ ತಂಡ 1974ರಲ್ಲಿ ಇಂಗ್ಲಿಷ್ ನ್ಯಾಷನಲ್ ಆಪೆರಾ ಎಂದು ಹೆಸರು ಬದಲಿಸಿಕೊಂಡಿತು. ಎಲ್ಲವನ್ನೂ ಇಂಗ್ಲಿಷಿನಲ್ಲೇ ಹಾಡಬೇಕು ಎಂಬುದು ಅದರ ಹಠ. 2005ರವರೆಗೆ ಅಲ್ಲಿ ಮೇಲ್ಬರಹದ ಪರದೆಯೂ ಇರಲಿಲ್ಲ. ಅಕ್ಷರ ತಿಳಿಯದಿದ್ದರೆ ಹಠವೇ ವ್ಯರ್ಥ. ಐದು ವರ್ಷ ಗಿಲ್ಬರ್ಟ್‌ನ ಮಾತನ್ನು ಊರೂರಲ್ಲಿ ಕೊನೆಯ ಸಾಲಿಗೆ ಮುಟ್ಟಿಸಿದ ಕಂಠ ಅಲ್ಲಿ ಚಿನ್ನದ ತೂಕಕ್ಕೆ ಬಂತು.

ಇಲ್ಲಿ ಕೇಳಲೇಬೇಕಾದ ಒಂದು ಸಣ್ಣ ಪಾರ್ಟು ಇದೆ. ನಾಲ್ಕು ರಾತ್ರಿ ನಡೆಯುವ, ಜರ್ಮನ್ ಸಂಗೀತಕಾರ ವಾಗ್ನರ್‌ನ ಮಹಾನಾಟಕವನ್ನು ರೆಜಿನಾಲ್ಡ್ ಗುಡಾಲ್ ಇಂಗ್ಲಿಷಿನಲ್ಲಿ ನಡೆಸಿದಾಗ, ಮೊದಲ ರಾತ್ರಿಯ ‘ರೈನ್‌ಗೋಲ್ಡ್’ನಲ್ಲಿ ವೋಗ್ಲಿಂಡೆ ಎಂಬ ಜಲಕನ್ಯೆ ಮಾಸ್ಟರ್‌ಸನ್. ಶುರುವಿಗೆ 136 ಆವರ್ತ ಒಂದೇ ಆಧಾರ ಸ್ವರ. ತಂಬೂರಿ ಮೀಟಿದಂತೆ ಕೆಳಗಿಂದ ಬೆಳೆದು ನದಿಯಾಗುತ್ತದೆ. ಆ ಶ್ರುತಿಯ ಮೇಲೆ ಏಳುವ ಮೊಟ್ಟಮೊದಲ ಮನುಷ್ಯ ಕಂಠ ವೋಗ್ಲಿಂಡೆಯದು, ಮೊದಲ ಉಲಿಗಳಿಗೆ ಅರ್ಥವೇ ಇಲ್ಲ, ನೋಂ ತೋಂ ಇದ್ದಂತೆ. ಆಪೆರಾ ಒಗ್ಗದ ಸಂಗೀತದವರಿಗೆ ನಾನು ಮೊದಲು ಕೇಳಿಸುವುದು ಈ ಐದು ನಿಮಿಷವನ್ನು.

‘ಲಾ ತ್ರಾವಿಯಾತ’ ಬೇರೆ ಬಗೆಯ ಪರೀಕ್ಷೆ. ವೆರ್ಡಿಯ ಈ ಆಪೆರಾ 1853ರಲ್ಲಿ ವೆನಿಸ್‌ನಲ್ಲಿ ಮೊದಲು ಆಡಿದ್ದು. ವೈಲೆಟ್ಟಾ ಪಾತ್ರಕ್ಕೆ ಅಂಕಕ್ಕೊಂದು ಕಂಠ ಬೇಕು: ಮೊದಲ ಅಂಕಕ್ಕೆ ತಾನಗಳು, ಎರಡಕ್ಕೆ ಉದ್ದುದ್ದ ಎಳೆ, ಮೂರಕ್ಕೆ ಸಾಯುವವಳ ಸಣ್ಣ ದನಿ. ಮೂರನೆಯ ಅಂಕದಲ್ಲಿ ಒಂದು ಪತ್ರ ಓದುವ ಜಾಗ ಇದೆ. ಹಾಡಲ್ಲ, ಬರೀ ಮಾತು, ಕೆಳಗೆ ವಾದ್ಯಗಳು ಹಳೆಯ ಪ್ರೀತಿಯ ರಾಗವನ್ನು ಮೆಲ್ಲಗೆ ನುಡಿಸುತ್ತವೆ. ದೊಡ್ಡ ದೊಡ್ಡ ಗಾಯಕಿಯರು ಎಡವುವುದು ಇಲ್ಲಿಯೇ. ಹಾಡುವಾಗ ದೇವತೆ, ಮಾತಾಡಿದರೆ ಶಾಲೆಯ ವಾರ್ಷಿಕೋತ್ಸವ. ಚಾರ್ಲ್ಸ್ ಮ್ಯಾಕೆರಸ್ ವಾದ್ಯವೃಂದ ನಡೆಸಿದ ಇಂಗ್ಲಿಷ್ ಧ್ವನಿಮುದ್ರಣದಲ್ಲಿ ಮಾಸ್ಟರ್‌ಸನ್ ಆ ಪತ್ರವನ್ನು ಓದುವುದು ಕೇಳಿ, ಡಾಯ್ಲಿ ಕಾರ್ಟ್ ವರ್ಷಗಳು ಸುಮ್ಮನೆ ಹೋಗಿಲ್ಲ. ಆ ವರ್ಷಗಳ ಬೆಲೆ ಒಂದೇ ನಿಮಿಷದಲ್ಲಿ ತಿಳಿಯಬೇಕೆಂದರೆ ಈ ಪತ್ರ ಸಾಕು.

ಕೊನೆಗೆ ‘ಜೂಲಿಯಸ್ ಸೀಸರ್’. ಹ್ಯಾಂಡಲ್ ಬರೆದು 20 ಫೆಬ್ರವರಿ 1724ರಂದು ಲಂಡನ್ನಿನಲ್ಲೇ ಮೊದಲು ಆಡಿಸಿದ್ದು. ಇಂಗ್ಲಿಷ್ ನ್ಯಾಷನಲ್ ಆಪೆರಾದ ಪ್ರಯೋಗವನ್ನು 1984ರಲ್ಲಿ ಟಿವಿಗಾಗಿ ಚಿತ್ರೀಕರಿಸಿದರು. ನಿರ್ದೇಶನ ಜಾನ್ ಕೊಪ್ಲಿ, ಸಂಗೀತ ಮ್ಯಾಕೆರಸ್, ಕ್ಲಿಯೋಪಾತ್ರ ಮಾಸ್ಟರ್‌ಸನ್. ಸೀಸರ್ ಒಬ್ಬ ಹೆಂಗಸು, ಜಾನೆಟ್ ಬೇಕರ್. ಮೂಲದಲ್ಲಿ ಸೆನೆಸಿನೊ ಎಂಬ ಕ್ಯಾಸ್ಟ್ರಾಟೊ ಗಾಯಕನಿಗೆ, ಅಂದರೆ ದನಿ ಒಡೆಯದಿರಲೆಂದು ಎಳವೆಯಲ್ಲೇ ಬೀಜ ತೆಗೆಸಿದ ಗಂಡಸಿಗೆ, ಬರೆದ ಮೇಲ್ದನಿಯ ಪಾತ್ರವಾದ್ದರಿಂದ ಹೀಗೆ. ನಮಗೆ ಇದು ಸೋಜಿಗವಲ್ಲ. 1958ರಲ್ಲಿ ಸ್ತ್ರೀ ನಾಟಕ ಮಂಡಳಿ ಕಟ್ಟಿದ ಆರ್. ನಾಗರತ್ನಮ್ಮನವರ ಕಂಸನನ್ನು ಕಂಡ ನಾಡು ಇದು. ಇನ್ನು ಹೆಣ್ಣು ಪಾತ್ರವನ್ನು ಹೆಣ್ಣೇ ಮಾಡಬೇಕೆಂದು ವಾದಿಸಿದ ಬಳ್ಳಾರಿ ರಾಘವರ ಊರು ನಮ್ಮದು. ಅವರು ಇಂದು ಇದ್ದಿದ್ದರೆ ಬೇಕರ್‌ರ ಸೀಸರ್ ಬಗ್ಗೆ ಏನನ್ನುತ್ತಿದ್ದರೋ, ಕುತೂಹಲ.

ಆಟದ ಉದ್ದ ಮೂರು ಗಂಟೆಯ ಆಸುಪಾಸು. ರಾತ್ರಿಯೆಲ್ಲ ಬಯಲಾಟ ನೋಡುವ ಮಂದಿಗೆ ಅದು ಉದ್ದವಲ್ಲ, ಬೇಸರ ಬರುವುದು ಕಟ್ಟಡ ಗೊತ್ತಿಲ್ಲದಿದ್ದಾಗ. ಕಥೆ ಓಡುವುದು ಮಾತಿನಂಥ ಹಾಡಿನಲ್ಲಿ, ಜತೆಗೆ ಹಾರ್ಪ್ಸಿಕಾರ್ಡ್ ಎಂಬ ತಂತಿವಾದ್ಯ. ಅದು ನಿಂತು ಆರಿಯ ಎಂಬ ಒಂಟಿ ಹಾಡು ಶುರುವಾದರೆ ಕಥೆ ನಿಂತಿತು. ಆರಿಯಕ್ಕೆ ಮೂರು ಭಾಗ. ಮೊದಲ ಭಾವ, ಅದಕ್ಕೆ ವಿರುದ್ಧವಾದ ನಡುಭಾಗ, ಮತ್ತೆ ಮೊದಲನೆಯದೇ. ಮರಳಿ ಬಂದಾಗ ಅಲಂಕಾರ ಸೇರಬೇಕು, ಪಲ್ಲವಿಗೆ ಸಂಗತಿ ಹಾಕಿದಂತೆ. ಈ ಅಲಂಕಾರಗಳನ್ನು ಬರೆದುಕೊಡುವುದರಲ್ಲಿ ಮ್ಯಾಕೆರಸ್ ನಿಷ್ಣಾತರು. ಕ್ಯಾಮೆರಾಕ್ಕೆ ಈ ಕಟ್ಟಡ ಒಂದು ತಲೆನೋವು: ಅದೇ ಮಾತು ಎರಡನೆಯ ಸಲ ಬರುವಾಗ ತೋರಿಸುವುದೇನನ್ನು? ಗಾಯಕಿಯ ಮುಖದಲ್ಲಿ ಎರಡನೆಯ ಸಲಕ್ಕೆ ಬೇರೆ ಕಾರಣ ಹುಟ್ಟದಿದ್ದರೆ ಚಿತ್ರ ಅಲ್ಲೇ ಸಾಯುತ್ತದೆ. ರಂಗಕ್ಕೆಂದು ಅಭ್ಯಾಸವಾದ ದೊಡ್ಡ ಬಾಯಿ, ದೊಡ್ಡ ಕೈ ಹತ್ತಿರದ ಚಿತ್ರದಲ್ಲಿ ಒರಟು. ಮಾಸ್ಟರ್‌ಸನ್‌ರ ದನಿಯೇ ಸಣ್ಣದಾದ್ದರಿಂದ ಮುಖವನ್ನು ಹಿಂಡುವ ಪ್ರಸಂಗ ಅವರಿಗೆ ಕಡಿಮೆ. ದೊಡ್ಡ ದನಿಯವರಿಗೆ ಈ ಅನುಕೂಲ ಇಲ್ಲ.

ಕ್ಲಿಯೋಪಾತ್ರಳಿಗೆ ಎಂಟು ಆರಿಯಗಳಿವೆ. 1980ರ ದಶಕದಲ್ಲಿ ಲಂಡನ್ನಿನ ಇನ್ನೊಂದು ಆಪೆರಾ ಮಂದಿರ ಕೊವೆಂಟ್ ಗಾರ್ಡನ್‌ನಲ್ಲಿ ಹಾಡಿದ ಹ್ಯಾಂಡಲ್‌ನ ‘ಸೆಮೆಲೆ’ಯೂ ಮಾಸ್ಟರ್‌ಸನ್‌ಗೆ ಹೆಸರು ತಂದಿತು, ಆದರೆ ಮನೆಯಲ್ಲಿ ಕೂತು ನೋಡಲು ಸಿಗುವುದು ಸೀಸರ್. ಮೂರು ಗಂಟೆ ಬಿಡುವಿಲ್ಲದವರು ಮೂರನೆಯ ಅಂಕದ ಅಳುವಿನ ಆರಿಯ ಒಂದನ್ನಾದರೂ ನೋಡಿ. ಸೆರೆಯಾದ ಕ್ಲಿಯೋಪಾತ್ರ ಮೊದಲ ಭಾಗದಲ್ಲಿ ಉಸಿರಿರುವ ತನಕ ನನ್ನ ವಿಧಿಗೆ ಅಳುವೆ ಎನ್ನುತ್ತಾಳೆ. ನಿಧಾನ ಲಯ, ಕೆಳಗೆ ಮೆಟ್ಟಿಲು ಇಳಿಯುವ ಮಂದ್ರ. ನಡುಭಾಗ ಒಮ್ಮೆಗೇ ದುಡುಕು. ಸತ್ತ ಮೇಲೆ ದೆವ್ವವಾಗಿ ಹಗಲಿರುಳು ಸೆರೆ ಹಾಕಿದ ಆ ದುಷ್ಟನನ್ನು ಕಾಡುವೆ ಎಂಬ ಮಾತು, ಉರುಳುರುಳಾಗಿ ತಾನ. ಕಂದಗಲ್ ಹನುಮಂತರಾಯರ ‘ರಕ್ತರಾತ್ರಿ’ಯಲ್ಲಿ ನಮ್ಮ ಬಳ್ಳಾರಿಯ ಸುಭದ್ರಮ್ಮ ಮನ್ಸೂರರ ದ್ರೌಪದಿಯನ್ನು ಕಂಡವರಿಗೆ ಅಳು ಶಾಪವಾಗಿ ತಿರುಗುವ ಈ ಗಳಿಗೆ ಪರಿಚಿತ. ಗಮನಿಸಬೇಕಾದ್ದು ತಾನಗಳನ್ನಲ್ಲ, ತಾನ ಮುಗಿದು ಮತ್ತೆ ಅಳುವಿಗೆ ಮರಳುವ ಜಾಗವನ್ನು. ಓಡಿ ಬಂದ ಉಸಿರನ್ನು ಒಂದೇ ಬಿಡುವಿನಲ್ಲಿ ತಣಿಸಿ, ಮೊದಲ ಮಾತನ್ನು ಸದ್ದಿಲ್ಲದೆ ಎತ್ತಬೇಕು. ಆ ಎತ್ತುಗಡೆಗೆ ಮುಂಚೆ ಕೂಲರ್ ಆರಿಸಿಬಿಡಿ. ಮೇ ತಿಂಗಳ ಬಳ್ಳಾರಿಯಲ್ಲಿ ಇದು ಹೇಳಲಾಗದ ಮಾತು, ಆದರೂ ಕೂಲರಿನ ಗುಂಯ್ಗುಡುವಿಕೆ ಮೊದಲು ನುಂಗುವುದು ಆ ಉಸಿರನ್ನೇ.